ಮುಗಿಲನೇಯ್ಗೆ: ಹವಾಮಾನವನ್ನು ಮಗ್ಗದ ಮೇಲೆ ನೇಯುವ ಕಾಲ್ಪನಿಕ ವಿದ್ಯೆಗೆ ಕಟ್ಟುಪಾಡುಗಳು ಹೇಗಿರಬೇಕು?

ಪ್ರಶ್ನೆ | ಬರೆದವರು: ಎರೆಸೀಮೆ

ಎಲ್ಲರಿಗೂ ನಮಸ್ಕಾರ. ನಾನು ಬರೆಯುತ್ತಿರುವ ಕಾದಂಬರಿ ಒಂದು ಕಾಲ್ಪನಿಕ ನಾಡಿನಲ್ಲಿ ನಡೆಯುತ್ತದೆ. ಆ ನಾಡಿನ ಪಡುವಣಕ್ಕೆ ಕಡಲು ಮತ್ತು ಘಟ್ಟಗಳಿವೆ, ಮೂಡಣಕ್ಕೆ ಎರೆಭೂಮಿಯ ಬಯಲಿದೆ. ಅಲ್ಲಿಯ ಒಂದು ನೇಕಾರ ಮನೆತನಕ್ಕೆ ಬಟ್ಟೆಯ ಜೊತೆಗೆ ಮುಗಿಲನ್ನೂ ನೇಯುವ ವಿದ್ಯೆ ತಲೆಮಾರುಗಳಿಂದ ಬಂದಿದೆ. ಅವರು ಮಗ್ಗದಲ್ಲಿ ನೇಯ್ದದ್ದು ಆಕಾಶದಲ್ಲಿ ಮೂಡುತ್ತದೆ; ದಟ್ಟವಾಗಿ ನೇಯ್ದರೆ ಮೋಡ ಕವಿಯುತ್ತದೆ, ಎಳೆಯೊಂದನ್ನು ಹಿರಿದು ತೆಗೆದರೆ ಬಿಸಿಲು ಬೀಳುತ್ತದೆ. ಈ ವಿದ್ಯೆಯನ್ನು ನಾನು ಮುಗಿಲನೇಯ್ಗೆ ಎಂದು ಕರೆದಿದ್ದೇನೆ. ಕಥಾನಾಯಕಿ ಆ ಮನೆತನದಲ್ಲಿ ಉಳಿದಿರುವ ಕೊನೆಯ ನೇಕಾರ್ತಿ.

ಮೊದಲ ಅಧ್ಯಾಯಗಳನ್ನು ಓದಿದ ಗೆಳೆಯರು ನ್ಯಾಯವಾದ ಒಂದು ಸಂದೇಹವನ್ನು ಮುಂದಿಟ್ಟಿದ್ದಾರೆ. ಬೇಕೆಂದಾಗ ಮಳೆ ತರಿಸಬಲ್ಲವಳು ಇರುವ ನಾಡಿನಲ್ಲಿ ಬರಗಾಲವೇಕೆ ಬರಬೇಕು, ಬಂದರೂ ಅದು ಎರಡು ಪುಟಗಳಲ್ಲಿ ಮುಗಿದುಹೋಗುವುದಿಲ್ಲವೇ ಎಂಬುದು ಅವರ ಪ್ರಶ್ನೆ. ಆದ್ದರಿಂದ ಈ ವಿದ್ಯೆಯ ಮಿತಿಗಳು ಏನಿರಬೇಕು, ಅದಕ್ಕೆ ತೆರಬೇಕಾದ ಬೆಲೆ ಯಾವುದು, ಅದನ್ನು ಯಾರ ಅಪ್ಪಣೆಯಂತೆ ಬಳಸಬೇಕು ಎಂಬ ಬಗ್ಗೆ ತಿಳಿದವರ ಸಲಹೆ ಬೇಕಾಗಿದೆ. ಮಂತ್ರ ಹೇಳಿದಾಗ ರಕ್ತ ಸೋರುತ್ತದೆ, ಆಯುಷ್ಯ ಕಡಿಮೆಯಾಗುತ್ತದೆ ಎಂಬಂಥ ಬೆಲೆಗಳನ್ನು ಅನೇಕ ಕಥೆಗಳಲ್ಲಿ ಓದಿಯಾಗಿದೆ. ಮಗ್ಗದಿಂದಲೂ ಮಳೆಯಿಂದಲೂ ತಾನಾಗಿ ಹುಟ್ಟುವ ನಿಯಮಗಳು ಸಿಕ್ಕರೆ ಕಥೆಗೆ ಬಲ ಬರುತ್ತದೆ ಎಂದು ನನಗೆ ಅನಿಸುತ್ತದೆ.

ಉತ್ತರ | ಬರೆದವರು: ಕುಣಿಮಗ್ಗ

ನಮ್ಮದು ಇಳಕಲ್ ಸೀರೆ ನೇಯುವ ಮನೆತನ. ಮಗ್ಗದ ಕಡೆಯಿಂದ ನನಗೆ ತೋಚಿದ್ದನ್ನು ಹೇಳುತ್ತೇನೆ.

ಹೊರಗಿನಿಂದ ನೋಡುವವರಿಗೆ ನೇಯ್ಗೆ ಎಂದರೆ ಲಾಳಿ ಓಡುವುದು ಮಾತ್ರ ಕಾಣುತ್ತದೆ. ನಿಜವಾಗಿ, ನೇಕಾರ ಮಗ್ಗದ ಕೆಳಗಿನ ಕುಣಿಯಲ್ಲಿ ಕಾಲಿಳಿಸಿ ಕೂರುವ ಹೊತ್ತಿಗೆ ಅರ್ಧ ಕೆಲಸ ಮುಗಿದಿರುತ್ತದೆ. ನೂಲು ಸುತ್ತಿ, ಹಾಸು, ಅಂದರೆ ಉದ್ದಕ್ಕೆ ಬಿಗಿಯುವ ಎಳೆಗಳನ್ನು, ಹೂಡಿ, ಗಂಜಿ ಕೊಟ್ಟು ಒಣಗಿಸಿ, ಒಂದೊಂದೇ ಎಳೆಯನ್ನು ಬಾಚಣಿಗೆಯಂಥ ಅಚ್ಚಿನಲ್ಲಿ ಸೇರಿಸಿದಾಗಲೇ ಸೀರೆಯ ಅಗಲ, ಉದ್ದ, ದಡಿಯ ಬಣ್ಣ ಎಲ್ಲವೂ ನಿಶ್ಚಯವಾಗಿಬಿಡುತ್ತವೆ. ಆಮೇಲೆ ನೇಕಾರನ ಕೈಯಲ್ಲಿ ಉಳಿಯುವುದು ಹೊಕ್ಕು, ಅಂದರೆ ಲಾಳಿಯಿಂದ ಅಡ್ಡಕ್ಕೆ ಹಾಕುವ ಎಳೆ ಮಾತ್ರ. ನಿಮ್ಮ ವಿದ್ಯೆಯ ಮೊದಲ ಮಿತಿ ಇಲ್ಲೇ ಇದೆ. ಕಡಲು, ಘಟ್ಟ, ಸೂರ್ಯನ ನಡೆ, ಋತುಗಳ ಕ್ರಮ ಇವೆಲ್ಲ ಹಾಸು. ಅದನ್ನು ಹೂಡಿದವರು ಯಾರೋ, ನಿಮ್ಮ ನಾಯಕಿಯಂತೂ ಅಲ್ಲ. ಅವಳು ಹಾಕಬಲ್ಲದ್ದು ಹೊಕ್ಕನ್ನು ಮಾತ್ರ. ಮಾಗಿಯ ಚಳಿಯಲ್ಲಿ ಆರಿದ್ರಾ ಮಳೆಯನ್ನು ತರಿಸು ಎಂದು ದೊರೆ ಆಜ್ಞೆ ಮಾಡಿದರೆ, ಹಾಸಿನಲ್ಲಿ ಇಲ್ಲದ ಬಣ್ಣವನ್ನು ಒಡಲಿನ ಉದ್ದಕ್ಕೂ ಎಳೆಯಲಾಗದು ಎಂದು ಅವಳು ಹೇಳಬೇಕಾಗುತ್ತದೆ.

ಎರಡನೆಯದಾಗಿ, ಎಳೆಯೊಂದನ್ನು ಹಿರಿದು ತೆಗೆದರೆ ಬಿಸಿಲು ಬೀಳುತ್ತದೆ ಎಂದು ಬರೆದಿದ್ದೀರಿ. ಮಗ್ಗದ ಮೇಲೆ ಹಾಗೆ ಆಗುವುದಿಲ್ಲ. ನೇಯ್ದ ಬಟ್ಟೆಯ ನಡುವಿನಿಂದ ಒಂದು ಹೊಕ್ಕನ್ನು ಎಳೆದರೆ ಬಟ್ಟೆಯೇ ಕೆಡುತ್ತದೆ. ತಪ್ಪು ಎಳೆಯನ್ನು ತೆಗೆಯಬೇಕಾದರೆ ಕೊನೆಯಲ್ಲಿ ಹಾಕಿದ ಹೊಕ್ಕಿನಿಂದ ಶುರುಮಾಡಿ, ಹಾಕಿದ ಕ್ರಮಕ್ಕೆ ತಿರುಗುಮುರುಗಾಗಿ, ಕಾಲುಮಣೆ ತುಳಿಯುತ್ತ ಒಂದೊಂದನ್ನೇ ಬಿಚ್ಚುತ್ತ ಆ ಎಳೆಯವರೆಗೆ ಹಿಂದೆ ಹೋಗಬೇಕು, ಬೇರೆ ದಾರಿಯಿಲ್ಲ. ಇದನ್ನು ನಿಮ್ಮ ಕಥೆಗೆ ಹೊಂದಿಸಿ ನೋಡಿ. ಅಮಾವಾಸ್ಯೆಯಂದು ನೇಯ್ದ ಬಿರುಗಾಳಿಯನ್ನು ಹುಣ್ಣಿಮೆಯಂದು ಅಳಿಸಬೇಕಾದರೆ, ನಡುವಿನ ದಿನಗಳಲ್ಲಿ ನೇಯ್ದ ಒಳ್ಳೆಯ ಮಳೆ, ಇಬ್ಬನಿ, ತಂಪು ಎಲ್ಲವನ್ನೂ ಬಿಚ್ಚಬೇಕಾಗುತ್ತದೆ. ಮೊಳಕೆಯೊಡೆದ ಜೋಳದ ಹೊಲಕ್ಕೆ ಬಿದ್ದ ಹದಮಳೆಯನ್ನು ಹಿಂದಕ್ಕೆ ತೆಗೆದುಕೊಳ್ಳಲು ಯಾವ ಊರು ಒಪ್ಪೀತು? ನನ್ನ ದೃಷ್ಟಿಯಲ್ಲಿ ನಿಮ್ಮ ಇಡೀ ಕಾದಂಬರಿಯ ಇಕ್ಕಟ್ಟು ಈ ಒಂದೇ ನಿಯಮದಿಂದ ಹುಟ್ಟಬಲ್ಲದು. ರಕ್ತ, ಆಯುಷ್ಯ ಯಾವುದನ್ನೂ ತರಬೇಕಾಗಿಲ್ಲ.

ಇನ್ನು ಋತು ಬದಲಾಗುವ ಸಂಧಿಕಾಲಕ್ಕೆ ಇಳಕಲ್ ಸೀರೆಯಲ್ಲೇ ಒಂದು ಮಾದರಿಯಿದೆ. ಅದರಲ್ಲಿ ಒಡಲಿನ ಹಾಸು ಬೇರೆ, ಸೆರಗಿನ ಕೆಂಪು ರೇಷ್ಮೆಯ ಹಾಸು ಬೇರೆ. ಎರಡೂ ಕೂಡುವಲ್ಲಿ ಒಡಲಿನ ಪ್ರತಿ ಎಳೆಯನ್ನು ಸೆರಗಿನ ಎಳೆಯೊಂದಿಗೆ ಕೊಂಡಿ ಹಾಕಿ ಜೋಡಿಸುತ್ತಾರೆ, ಮತ್ತು ಈ ಕೆಲಸವನ್ನು ಪ್ರತಿ ಸೀರೆಗೂ ಹೊಸದಾಗಿ ಮಾಡಬೇಕು. ಮುಂಗಾರು ಮುಗಿದು ಹಿಂಗಾರು ಕೂಡುವ ಹೊತ್ತನ್ನು ನೀವು ಹೀಗೆ ಕಲ್ಪಿಸಬಹುದು. ಆ ಕೆಲವೇ ದಿನಗಳಲ್ಲಿ ನೇಕಾರ್ತಿಗೆ ಹಾಸನ್ನೂ ಮುಟ್ಟುವ ಅಧಿಕಾರ ಸಿಗುತ್ತದೆ, ಆದರೆ ಒಂದು ಕೊಂಡಿ ಬಿಟ್ಟುಹೋದರೂ ವರ್ಷದ ಮಿಕ್ಕ ಭಾಗವೆಲ್ಲ ಅಲ್ಲಿಂದ ಸಡಿಲವಾಗುತ್ತದೆ.

ಬೆಲೆಯ ಬಗ್ಗೆ ಕೇಳಿದ್ದೀರಿ. ನೇಕಾರನ ಕೆಲಸವೇ ಹವಾಮಾನದ ಕೈಯಲ್ಲಿರುವಾಗ ಬೇರೆ ಬೆಲೆಯನ್ನು ಹುಡುಕುವುದೇಕೆ? ಬೇಸಿಗೆಯ ಒಣಗಾಳಿಗೆ ಹತ್ತಿಯ ಎಳೆ ಪಟಪಟನೆ ಹರಿಯುತ್ತದೆ. ಕುಣಿಮಗ್ಗದಲ್ಲಿ ಹಾಸು ನೆಲಕ್ಕೆ ಹತ್ತಿರವಿರುವುದರಿಂದ ಮಣ್ಣಿನ ತೇವ ಅದಕ್ಕೆ ತಾಗುತ್ತದೆ, ಅದೊಂದು ಅನುಕೂಲ. ಢಾಕಾದ ಮಸ್ಲಿನ್‌ಗೆ ಬೇಕಾದ ಅತಿ ನವಿರಾದ ನೂಲನ್ನು ಗಾಳಿಯಲ್ಲಿ ತೇವವಿರುವ ಬೆಳಗಿನ ಹೊತ್ತಿನಲ್ಲೇ ತೆಗೆಯುತ್ತಿದ್ದರು. ಮಳೆಗಾಲ ಹಿಡಿದರೆ ಇನ್ನೊಂದು ಬಗೆಯ ತೊಂದರೆ. ಗಂಜಿ ಕೊಟ್ಟ ಹಾಸನ್ನು ಬೀದಿಯುದ್ದಕ್ಕೂ ಚಾಚಿ ಒಣಗಿಸಲು ಬಿಸಿಲಿರುವುದಿಲ್ಲ, ಕುಣಿಯಲ್ಲಿ ನೀರು ಜಿನುಗುತ್ತದೆ, ಮಗ್ಗ ನಿಲ್ಲುತ್ತದೆ. ಮಳೆಯನ್ನು ನೇಯ್ದವಳ ಮನೆಯಲ್ಲಿ ಮಳೆ ನಿಲ್ಲುವವರೆಗೂ ಮುಂದಿನ ಹಾಸು ಸಿದ್ಧವಾಗುವುದಿಲ್ಲ. ಊರಿಗೆ ಮಳೆಯಾದಷ್ಟು ದಿನವೂ ಅವಳ ಒಲೆ ತಣ್ಣಗಿರುತ್ತದೆ.

ಉತ್ತರ | ಬರೆದವರು: ಮಳೆಮಾಪಕ

ಕುಣಿಮಗ್ಗ ಅವರ ಹಾಸು-ಹೊಕ್ಕಿನ ನಿಯಮ ಹವಾಮಾನ ವಿಜ್ಞಾನಕ್ಕೂ ಚೆನ್ನಾಗಿ ಹೊಂದುತ್ತದೆ. ಈ ವಿಷಯವನ್ನು ಬಹುಕಾಲದಿಂದ ಓದಿಕೊಂಡು ಬಂದವನಾಗಿ ಕೆಲವು ಅಳತೆಗಳನ್ನು ಸೇರಿಸುತ್ತೇನೆ. ಅಳತೆ ಕಣ್ಣ ಮುಂದಿದ್ದರೆ ಮಾಂತ್ರಿಕ ವಿದ್ಯೆ ಎಷ್ಟು ದೂರ ಹೋಗಬಹುದು ಎಂಬುದನ್ನು ಲೇಖಕರು ತಾವೇ ನಿರ್ಧರಿಸಬಹುದು.

ಒಂದು ಚದರ ಕಿಲೋಮೀಟರ್ ನೆಲದ ಮೇಲೆ ಒಂದು ಮಿಲಿಮೀಟರ್ ಮಳೆ ಬಿದ್ದರೆ ಅದು 10 ಲಕ್ಷ ಲೀಟರ್ ನೀರು. ಸಾವಿರ ಚದರ ಕಿಲೋಮೀಟರ್ ವಿಸ್ತಾರದ ಒಂದು ತಾಲ್ಲೂಕಿಗೆ 10 ಮಿ.ಮೀ.ನಷ್ಟು ಸಾಧಾರಣ ಮಳೆಯಾಯಿತೆಂದರೆ 1 ಕೋಟಿ ಟನ್ ನೀರು ಇಳಿದಂತಾಯಿತು. ಒಂದು ಕಿಲೋ ನೀರಾವಿ ಹನಿಯಾಗುವಾಗ ಸುಮಾರು 25 ಲಕ್ಷ ಜೂಲ್ ಶಾಖ ಹೊರಬೀಳುತ್ತದೆ. ಲೆಕ್ಕ ಹಾಕಿದರೆ ಆ ಒಂದು ಮಳೆಯ ಹಿಂದಿರುವ ಶಕ್ತಿ ಸುಮಾರು 690 ಕೋಟಿ ಯೂನಿಟ್ ವಿದ್ಯುತ್ತಿಗೆ ಸಮ. 1035 ಮೆಗಾವಾಟ್ ಸಾಮರ್ಥ್ಯದ ಶರಾವತಿ ವಿದ್ಯುದಾಗಾರ ಹಗಲೂ ರಾತ್ರಿ ಪೂರ್ಣ ಸಾಮರ್ಥ್ಯದಲ್ಲಿ ನಡೆದರೂ ಅಷ್ಟನ್ನು ಉತ್ಪಾದಿಸಲು ಒಂಬತ್ತು ತಿಂಗಳಿಗಿಂತ ಹೆಚ್ಚು ಬೇಕು. ಈ ಶಕ್ತಿಯನ್ನೆಲ್ಲ ಕೊಟ್ಟದ್ದು ಕಡಲಿನ ನೀರನ್ನು ಆವಿಯಾಗಿಸಿದ ಸೂರ್ಯ. ಯಾವ ನೇಕಾರ್ತಿಯೂ ತನ್ನ ಮೈಯಿಂದ ಅಷ್ಟನ್ನು ತೆರಲಾರಳು. ಹಾಗಾಗಿ ಶೂನ್ಯದಿಂದ ಮಳೆಯನ್ನು ಸೃಷ್ಟಿಸುವ ವಿದ್ಯೆ ಬೇಡ. ಆಗಲೇ ಸಿದ್ಧವಾಗಿರುವ ತೇವವನ್ನು ಎಲ್ಲಿ, ಯಾವಾಗ ಇಳಿಸಬೇಕು ಎಂದು ಸ್ವಲ್ಪ ತಿರುಗಿಸುವ ವಿದ್ಯೆ ಇರಲಿ.

ಮನುಷ್ಯರು ನಿಜವಾಗಿ ಮಾಡಿರುವುದೂ ಇಷ್ಟನ್ನೇ. 1946ರಲ್ಲಿ ಅಮೆರಿಕದ ವಿನ್ಸೆಂಟ್ ಶೇಫರ್ ಅತಿಶೀತಲ ಮೋಡಕ್ಕೆ (ಸೊನ್ನೆ ಡಿಗ್ರಿಗಿಂತ ತಣ್ಣಗಾಗಿಯೂ ಹೆಪ್ಪುಗಟ್ಟದ ಹನಿಗಳ ಮೋಡ) ಒಣ ಮಂಜುಗಡ್ಡೆ, ಅಂದರೆ ಘನರೂಪದ ಇಂಗಾಲದ ಡೈಆಕ್ಸೈಡ್ ಸೇರಿಸಿದರೆ ಹಿಮದ ಹರಳುಗಳು ಹುಟ್ಟುತ್ತವೆ ಎಂಬುದನ್ನು ತೋರಿಸಿಕೊಟ್ಟರು. ಅವರ ಸಹೋದ್ಯೋಗಿ ಬರ್ನಾರ್ಡ್ ವೊನೆಗಟ್ ಅದೇ ಕೆಲಸಕ್ಕೆ ಸಿಲ್ವರ್ ಅಯೋಡೈಡನ್ನು ಕಂಡುಕೊಂಡರು. ನಮ್ಮ ರಾಜ್ಯದಲ್ಲಿ 2017ರಲ್ಲಿ ವರ್ಷಧಾರಿ ಯೋಜನೆಯಡಿ ವಿಮಾನಗಳಿಂದ ಮೋಡ ಬಿತ್ತನೆ ನಡೆಯಿತು. ಇವೆಲ್ಲಕ್ಕೂ ತಕ್ಕ ಮೋಡ ಮೊದಲೇ ಇರಬೇಕು. ಬರಗಾಲದ ಬೋಳು ಆಕಾಶದಲ್ಲಿ ಬಿತ್ತುವುದಕ್ಕೆ ಏನೂ ಇರುವುದಿಲ್ಲ. ನಿಮ್ಮ ಗೆಳೆಯರ ಸಂದೇಹಕ್ಕೆ ಇದೇ ಉತ್ತರ: ಮುಗಿಲನೇಯ್ಗೆ ಅತ್ಯಂತ ಹೆಚ್ಚು ಬೇಕಾದ ಹೊತ್ತಿನಲ್ಲೇ ಅದಕ್ಕೆ ನೂಲು ಸಿಗುವುದಿಲ್ಲ.

ನಿಮ್ಮ ನಾಡಿನ ಭೂಗೋಳದ ಬಗ್ಗೆಯೂ ಒಂದು ಮಾತು. ನೈಋತ್ಯ ಮಾರುತ ದಕ್ಷಿಣ ಗೋಳಾರ್ಧದಿಂದ ಹೊರಟು, ಪೂರ್ವ ಆಫ್ರಿಕದ ತೀರದ ಬಳಿ ಭೂಮಧ್ಯರೇಖೆಯನ್ನು ದಾಟಿ, ಭೂಮಿಯ ಆವರ್ತನದಿಂದಾಗಿ ಬಲಕ್ಕೆ ತಿರುಗಿ, ಅರಬ್ಬಿ ಸಮುದ್ರದ ತೇವವನ್ನು ಹೊತ್ತು ನಮ್ಮ ಘಟ್ಟಗಳಿಗೆ ಬಂದು ತಾಗುತ್ತದೆ. ಏರಿದ ಗಾಳಿ ತಣಿದು ಘಟ್ಟದಲ್ಲೇ ಬಹುಪಾಲನ್ನು ಸುರಿಸುತ್ತದೆ. ಆಗುಂಬೆಯಲ್ಲಿ ವರ್ಷಕ್ಕೆ 7000 ಮಿ.ಮೀ.ಗಿಂತ ಹೆಚ್ಚು ಮಳೆಯಾದರೆ, ಅಲ್ಲಿಂದ ಸುಮಾರು ಇನ್ನೂರು ಕಿಲೋಮೀಟರ್ ದೂರದ ಚಳ್ಳಕೆರೆಯಲ್ಲಿ 500 ಮಿ.ಮೀ. ಆಗುವುದೂ ಕಷ್ಟ. ಬಯಲಿನ ದೊರೆಗೆ ಆ ನೀರಿನ ಮೇಲೆ ಎಷ್ಟೇ ಆಸೆಯಿದ್ದರೂ ಘಟ್ಟವನ್ನು ಅವನು ಸರಿಸಲಾರ. ನಿಮ್ಮ ನಾಯಕಿ ಘಟ್ಟದ ಮಳೆಯಲ್ಲಿ ಒಂದು ಪಾಲನ್ನು ತಡೆದು ಬಯಲಿಗೆ ದಾಟಿಸಿದಳೆಂದರೆ, ಘಟ್ಟದ ಕಾಡಿನಲ್ಲಿ ಹುಟ್ಟುವ ಹೊಳೆಗಳು ಸೊರಗುತ್ತವೆ, ಮತ್ತು ಆ ಹೊಳೆಗಳಲ್ಲಿ ಕೆಲವು ಮೂಡಣಕ್ಕೆ ಹರಿದು ಅದೇ ಬಯಲಿಗೆ ನೀರು ಕೊಡುವಂಥವು. ಮುಗಿಲಿನಿಂದ ಪಡೆದದ್ದನ್ನು ಅವರು ಹೊಳೆಯಲ್ಲಿ ಕಳೆದುಕೊಳ್ಳುತ್ತಾರೆ.

ಉತ್ತರ | ಬರೆದವರು: ಹೂಮಳೆ

ನಾನು ಚಿಕ್ಕಮಗಳೂರು ಕಡೆಯ ಸಣ್ಣ ಕಾಫಿ ಬೆಳೆಗಾರ. ಮೇಲಿನ ಇಬ್ಬರೂ ನೀರಿನ ಪ್ರಮಾಣದ ಬಗ್ಗೆ ಬರೆದಿದ್ದಾರೆ. ನನಗೆ ಸಮಯದ ಜಗಳ ಇನ್ನೂ ದೊಡ್ಡದು ಎನಿಸುತ್ತದೆ. ಫೆಬ್ರವರಿಯಿಂದ ಏಪ್ರಿಲ್ ನಡುವೆ ನಮಗೆ ಹೂಮಳೆ ಬೇಕು. ಅದು ಬಂದ ಒಂದು ವಾರ ಹತ್ತು ದಿನಗಳಲ್ಲಿ ತೋಟವೆಲ್ಲ ಕಾಫಿ ಹೂವಿನಿಂದ ಬೆಳ್ಳಗಾಗುತ್ತದೆ, ಆಮೇಲೆ ಕಾಯಿ ಕಟ್ಟಲು ಇನ್ನೊಂದು ಮಳೆ ಬೇಕು. ಅದೇ ದಿನಗಳಲ್ಲಿ ಬ್ಯಾಡಗಿ ಸೀಮೆಯ ರೈತ ಕೆಂಪು ಮೆಣಸಿನಕಾಯಿಯನ್ನು ಕಣದಲ್ಲಿ ಹರಡಿಕೊಂಡಿರುತ್ತಾನೆ, ವಿಜಯಪುರದ ರೈತ ದ್ರಾಕ್ಷಿಯನ್ನು ಒಣಗಲು ಹಾಕಿರುತ್ತಾನೆ. ನನಗೆ ಚಿನ್ನದಂಥ ಮಳೆ ಅವರ ವರ್ಷದ ದುಡಿಮೆಯನ್ನು ಕೊಳೆಸುತ್ತದೆ. ಡಿಸೆಂಬರ್‌ನಲ್ಲಿ ನಮ್ಮ ಕಾಫಿ ಕಣದಲ್ಲಿರುವಾಗ ಮಳೆ ಬಂದರೆ ನಾವೂ ಹಾಗೆಯೇ ಕೈಕಟ್ಟಿ ನಿಲ್ಲಬೇಕಾಗುತ್ತದೆ.

ಆದ್ದರಿಂದ ನಿಮ್ಮ ನಾಯಕಿಯ ಮನೆಯಂಗಳದಲ್ಲಿ ಮಳೆ ಬೇಡುವವರೂ ಬಿಸಿಲು ಬೇಡುವವರೂ ಒಟ್ಟಿಗೆ ಕುಳಿತಿರುವ ಒಂದು ಬೆಳಗನ್ನು ಖಂಡಿತ ಬರೆಯಿರಿ. ಇಬ್ಬರದೂ ನ್ಯಾಯವಾದ ಬೇಡಿಕೆಯಾಗಿರಲಿ. ದುಷ್ಟ ದೊರೆಯೊಬ್ಬನನ್ನು ಎದುರಿಗೆ ನಿಲ್ಲಿಸುವುದಕ್ಕಿಂತ ಇದು ಅವಳನ್ನು ಹೆಚ್ಚು ಕಾಡುತ್ತದೆ.

ಉತ್ತರ | ಬರೆದವರು: ಜಾನಪದಾಸಕ್ತ

ಅಧಿಕಾರ ಯಾರದು ಎಂಬ ಮೂರನೆಯ ಪ್ರಶ್ನೆಗೆ ಯಾರೂ ಇನ್ನೂ ಬಂದಿಲ್ಲವಾದ್ದರಿಂದ ನಾನು ಅದನ್ನು ಎತ್ತಿಕೊಳ್ಳುತ್ತೇನೆ.

ಗಾಳಿಯನ್ನು ದಾರದಲ್ಲಿ ಕಟ್ಟಿ ಮಾರುವ ನಂಬಿಕೆ ಉತ್ತರ ಯುರೋಪಿನ ಕಡಲತೀರಗಳಲ್ಲಿ ಬಹುಕಾಲ ಇತ್ತು. 1555ರಲ್ಲಿ ಪ್ರಕಟವಾದ ತಮ್ಮ ಗ್ರಂಥದಲ್ಲಿ ಸ್ವೀಡನ್ನಿನ ಒಲಾಸ್ ಮ್ಯಾಗ್ನಸ್ ಮೂರು ಗಂಟುಗಳ ದಾರವನ್ನು ನಾವಿಕರಿಗೆ ಮಾರುವವರ ಬಗ್ಗೆ ಬರೆದಿದ್ದಾರೆ. ಮೊದಲ ಗಂಟು ಬಿಚ್ಚಿದರೆ ಹಿತವಾದ ಗಾಳಿ, ಎರಡನೆಯದಕ್ಕೆ ಬಿರುಸಾದ ಗಾಳಿ, ಮೂರನೆಯದನ್ನು ಬಿಚ್ಚಿದರೆ ಹಡಗು ಉಳಿಯದು. ಸ್ಕಾಟ್ಲೆಂಡಿನ ಆರ್ಕ್ನಿ ದ್ವೀಪದ ಸ್ಟ್ರಾಮ್‌ನೆಸ್ ಬಂದರಿನಲ್ಲಿ ಬೆಸ್ಸಿ ಮಿಲ್ಲಿ ಎಂಬ ವೃದ್ಧೆ 19ನೆಯ ಶತಮಾನದ ಆರಂಭದಲ್ಲೂ ಆರು ಪೆನ್ಸಿಗೆ ಅನುಕೂಲದ ಗಾಳಿಯನ್ನು ಮಾರುತ್ತಿದ್ದಳು. ನಮ್ಮ ಕಡೆ ಮಳೆಯನ್ನು ಯಾರೂ ಹೀಗೆ ಕೊಂಡಂತೆ ಕಾಣುವುದಿಲ್ಲ, ಬೇಡಿದ್ದೇ ಹೆಚ್ಚು. ಉತ್ತರ ಕರ್ನಾಟಕದಲ್ಲಿ ಮಳೆ ಹೋದಾಗ ಗುರ್ಜಿ ಎಂಬ ಮಳೆದೇವತೆಯ ಮೂರ್ತಿಯನ್ನು ಹಂಚಿನ ಮೇಲೆ ಕೂರಿಸಿ, ತಲೆಯ ಮೇಲೆ ಹೊತ್ತು ಮನೆಮನೆಗೆ ಹೋಗುತ್ತಾರೆ; ಪ್ರತಿ ಮನೆಯವರೂ ಅದರ ಮೇಲೆ ಒಂದು ತಂಬಿಗೆ ನೀರು ಸುರಿದು ಹಿಡಿ ಹಿಟ್ಟೋ ಜೋಳವೋ ಕೊಡುತ್ತಾರೆ. ಹೊತ್ತವರ ಮೈಯೆಲ್ಲ ತೊಯ್ದು ಹೋಗುತ್ತದೆ. ನೀರಿಗೆ ತತ್ವಾರವಾಗಿರುವ ದಿನಗಳಲ್ಲಿ ಮನೆಯ ನೀರನ್ನು ಹೀಗೆ ಸುರಿಯುವುದಿದೆಯಲ್ಲ, ಅದರಲ್ಲಿ ಇಡೀ ಊರು ಪಾಲು ತೆತ್ತಂತಾಗುತ್ತದೆ. ನಿಮ್ಮ ವಿದ್ಯೆಯಲ್ಲೂ ನೂಲು ಒಬ್ಬರದಾಗದೆ ಪ್ರತಿ ಮನೆಯಿಂದ ಒಂದೊಂದು ಎಳೆ ಬರಬೇಕು ಎಂದು ಮಾಡಬಹುದು. ಆಗ ಯಾವ ಮನೆ ಎಳೆ ಕೊಡಲು ಒಪ್ಪಲಿಲ್ಲವೋ ಆ ಮನೆಯೇ ಕಥೆಯಾಗುತ್ತದೆ.

ಶೃಂಗೇರಿಯ ಬಳಿಯ ಕಿಗ್ಗದ ಋಷ್ಯಶೃಂಗೇಶ್ವರನಿಗೆ ಮಳೆ ಬರಲೆಂದೂ ಪೂಜೆ ನಡೆಯುತ್ತದೆ, ಅತಿಯಾದ ಮಳೆ ನಿಲ್ಲಲೆಂದೂ ನಡೆಯುತ್ತದೆ. ಆ ಋಷಿಯ ಕಥೆಯಲ್ಲಿ ನನ್ನನ್ನು ಯಾವಾಗಲೂ ತಡೆದು ನಿಲ್ಲಿಸುವ ಅಂಶವೊಂದಿದೆ. ಅಂಗದೇಶದ ಬರವನ್ನು ನೀಗಿಸಲು ರೋಮಪಾದನ ಕಡೆಯವರು ಅವನನ್ನು ವಂಚಿಸಿ ಕರೆತರುತ್ತಾರೆ. ಅವನು ಕಾಲಿಟ್ಟೊಡನೆ ಮಳೆ ಬರುತ್ತದೆ. ಮಳೆಯನ್ನು ತರಬಲ್ಲವನಿಗೆ ತನ್ನಿಂದ ಏನು ನಡೆಯುತ್ತಿದೆ ಎಂಬುದೇ ತಿಳಿದಿರುವುದಿಲ್ಲ. ನಾಯಕಿಯ ಬಾಲ್ಯಕ್ಕೆ ಇದು ಹೊಂದಬಹುದು.

ಹೊಣೆಗಾರಿಕೆಯ ವಿಷಯಕ್ಕೆ ಬಂದರೆ, ಮಳೆ ತರಿಸುವೆನೆಂದು ಹೇಳಿಕೊಳ್ಳುತ್ತಿದ್ದ ಅಮೆರಿಕದ ಚಾರ್ಲ್ಸ್ ಹ್ಯಾಟ್‌ಫೀಲ್ಡ್ ಅವರ ಪ್ರಕರಣವನ್ನು ತಿಳಿದುಕೊಳ್ಳಲೇಬೇಕು. ಮೊರೆನಾ ಜಲಾಶಯವನ್ನು ತುಂಬಿಸಿಕೊಟ್ಟರೆ ಹತ್ತು ಸಾವಿರ ಡಾಲರ್ ಕೊಡುವುದಾಗಿ ಸ್ಯಾನ್ ಡಿಯಾಗೋ ನಗರಾಡಳಿತ 1915ರ ಡಿಸೆಂಬರ್‌ನಲ್ಲಿ ಅವರೊಂದಿಗೆ ಮಾತುಕತೆ ಮಾಡಿಕೊಂಡಿತು. ಅವರು ಗೋಪುರ ಕಟ್ಟಿ ರಾಸಾಯನಿಕಗಳನ್ನು ಆವಿಯಾಗಿಸತೊಡಗಿದರು. 1916ರ ಜನವರಿಯಲ್ಲಿ ಭಾರೀ ಮಳೆಯಾಗಿ ಲೋಯರ್ ಓಟೆ ಅಣೆಕಟ್ಟು ಒಡೆಯಿತು, ಜನ ಸತ್ತರು. ಹಣ ಕೇಳಲು ಹೋದಾಗ, ಮಳೆ ನಿನ್ನದಾದರೆ ಪ್ರವಾಹದ ನಷ್ಟವೂ ನಿನ್ನದೇ ಎಂದು ನಗರದವರು ಪಟ್ಟು ಹಿಡಿದರು. ಕೊನೆಗೆ ನ್ಯಾಯಾಲಯ ಮಳೆಯನ್ನು ದೈವಕೃತ್ಯವೆಂದು ಹೇಳಿ, ಅವರಿಗೆ ಹಣವೂ ಸಿಗಲಿಲ್ಲ. ಮಳೆಗೆ ಹೆಸರು ಪಡೆಯಬೇಕೆಂದರೆ ನೆರೆಗೂ ಹೆಸರು ಕೊಡಬೇಕು ಎಂಬ ಈ ಕಟ್ಟು ನಿಮ್ಮ ನಾಡಿನ ಕಾನೂನಿನಲ್ಲಿರಲಿ.

ಯುದ್ಧದ ಸಂದರ್ಭ ನಿಮ್ಮ ಕಥೆಯಲ್ಲಿದ್ದರೆ ಒಂದು ವಾಸ್ತವ ಗಮನದಲ್ಲಿರಲಿ. ವಿಯೆಟ್ನಾಂ ಯುದ್ಧದಲ್ಲಿ 1967ರಿಂದ 1972ರವರೆಗೆ ಅಮೆರಿಕದ ಸೇನೆ ಶತ್ರುಗಳ ಸಾಗಾಟದ ದಾರಿಗಳನ್ನು ಕೆಸರಾಗಿಸಲು ಗುಟ್ಟಾಗಿ ಮೋಡ ಬಿತ್ತನೆ ನಡೆಸಿತ್ತು. ಅದು ಬಯಲಾದ ಮೇಲೆ, ಹವಾಮಾನವನ್ನು ಆಯುಧವಾಗಿ ಬಳಸುವುದನ್ನು ನಿಷೇಧಿಸುವ ಅಂತರರಾಷ್ಟ್ರೀಯ ಒಪ್ಪಂದಕ್ಕೆ 1977ರಲ್ಲಿ ಸಹಿ ಬಿದ್ದು, ಮರುವರ್ಷ ಅದು ಜಾರಿಗೆ ಬಂತು.

ಮರುಪ್ರಶ್ನೆ | ಬರೆದವರು: ಎರೆಸೀಮೆ

ಎಲ್ಲರಿಗೂ ಹೃತ್ಪೂರ್ವಕ ಕೃತಜ್ಞತೆಗಳು. ಹಾಸು ಮುಟ್ಟಬಾರದು, ಬಿಚ್ಚುವುದಾದರೆ ಕೊನೆಯಿಂದಲೇ ಬಿಚ್ಚಬೇಕು, ಮೋಡವಿಲ್ಲದೆ ನೂಲಿಲ್ಲ, ಮನೆಗೊಂದು ಎಳೆ ಎಂಬ ನಾಲ್ಕನ್ನೂ ಇಟ್ಟುಕೊಳ್ಳುತ್ತೇನೆ. ಕುಣಿಮಗ್ಗ ಅವರಲ್ಲಿ ಇನ್ನೊಂದು ವಿಷಯ ಕೇಳಬೇಕಿತ್ತು. ನಾಯಕಿ ಮನೆತನದ ಕೊನೆಯವಳು. ಒಂದು ವರ್ಷದ ನೇಯ್ಗೆ ಮುಗಿದು ಬಟ್ಟೆಯನ್ನು ಮಗ್ಗದಿಂದ ಕತ್ತರಿಸಿದ ಮೇಲೆ ಮುಂದಿನ ವರ್ಷದ್ದು ಹೇಗೆ ಶುರುವಾಗುತ್ತದೆ? ಅವಳ ನಂತರ ವಿದ್ಯೆ ನಿಂತುಹೋಗುವ ಅಪಾಯವನ್ನು ಮಗ್ಗದ ಮೂಲಕವೇ ತೋರಿಸಲು ಸಾಧ್ಯವೇ?

ಉತ್ತರ | ಬರೆದವರು: ಕುಣಿಮಗ್ಗ

ಸಾಧ್ಯವಿದೆ. ಸಾಮಾನ್ಯವಾಗಿ ಬಟ್ಟೆಯನ್ನು ಕತ್ತರಿಸುವಾಗ ಹಳೆಯ ಹಾಸಿನ ಬಾಲವನ್ನು ಅಚ್ಚಿನಲ್ಲೇ ಉಳಿಸಿಕೊಳ್ಳುತ್ತಾರೆ. ಹೊಸ ಹಾಸಿನ ಒಂದೊಂದು ಎಳೆಯನ್ನು ಆ ಬಾಲದ ಒಂದೊಂದು ಎಳೆಗೆ, ಬೆರಳಿಗೆ ಚೂರು ಬೂದಿ ಹಚ್ಚಿಕೊಂಡು, ಹೊಸೆದು ಕೂಡಿಸಿ ಮುಂದಕ್ಕೆ ಎಳೆದರೆ ಹೊಸದು ಹಳೆಯದರ ಜಾಡಿನಲ್ಲೇ ಬಂದು ಕೂರುತ್ತದೆ. ಅಂದರೆ ಈ ವರ್ಷದ ಮುಗಿಲಿಗೆ ಹೋದ ವರ್ಷದ ಮುಗಿಲಿನ ಬಾಲ ಬೇಕು. ಇದನ್ನು ಒಬ್ಬರೇ ಕುಳಿತು ನಿಧಾನವಾಗಿ ಮಾಡಬಹುದು, ಆದ್ದರಿಂದ ನಿಮ್ಮ ನಾಯಕಿ ಇಷ್ಟು ವರ್ಷ ಒಂಟಿಯಾಗಿ ನಿಭಾಯಿಸಿದ್ದು ನಂಬುವಂತಿರುತ್ತದೆ.

ಆ ಬಾಲವನ್ನು ಯಾರಾದರೂ ಕತ್ತರಿಸಿ ಹಾಕಿದರೆ, ಇಲ್ಲವೇ ಮಗ್ಗ ಬೆಂಕಿಗೆ ಸಿಕ್ಕಿದರೆ, ಎಲ್ಲ ಎಳೆಗಳನ್ನೂ ಮೊದಲಿನಿಂದ ಅಚ್ಚಿನಲ್ಲಿ ಪೋಣಿಸಬೇಕು. ಆ ಕೆಲಸಕ್ಕೆ ಇಬ್ಬರು ಕೂರುವುದು ವಾಡಿಕೆ. ಆಚೆ ಬದಿಯವರು ಸರದಿಯ ಎಳೆಯನ್ನು ಆರಿಸಿ ಕೊಡುತ್ತಾರೆ, ಈಚೆಯವರು ಅದನ್ನು ಸಂದಿಯಿಂದ ಎಳೆದುಕೊಳ್ಳುತ್ತಾರೆ. ಎಳೆಗಳ ಸರದಿ ಇಬ್ಬರಿಗೂ ಗೊತ್ತಿರಬೇಕು. ಆಚೆ ಬದಿಯಲ್ಲಿ ಕೂರುವವರಿಗೆ ನೇಯಲು ಬರಬೇಕೆಂದೇನಿಲ್ಲ, ಎಣಿಕೆ ತಪ್ಪದಂತೆ ಎಳೆ ಕೊಡಲು ಬಂದರೆ ಸಾಕು. ನಮ್ಮ ಮನೆಗಳಲ್ಲಿ ಮಕ್ಕಳು ಲಾಳಿಯೊಳಗಿಡುವ ನೂಲಿನ ಕಂಡಿಕೆ ಸುತ್ತುವುದರ ಜೊತೆಗೆ ಮೊದಲು ಕಲಿಯುವುದೂ ಇಂಥ ಕೆಲಸಗಳನ್ನೇ. ನಾಯಕಿಯ ಎದುರು ಆ ಜಾಗದಲ್ಲಿ ಬಂದು ಕೂರುವವರು ಯಾರು, ಅವರು ಬೇರೆ ಮನೆತನದವರಾದರೆ ಎಳೆಗಳ ಸರದಿಯನ್ನು ಅವರಿಗೆ ಹೇಳಿಕೊಡಲು ಅವಳು ಒಪ್ಪುತ್ತಾಳೆಯೇ ಎಂಬುದನ್ನು ಮೊದಲು ನಿಶ್ಚಯ ಮಾಡಿಕೊಂಡು ಮುಂದಿನ ಅಧ್ಯಾಯಗಳನ್ನು ಬರೆಯಿರಿ.